ವಿವಾದಿತ ಗ್ರಂಥಕ್ಕೆ ಯಾವ ವಿಮರ್ಶೆ ಸಾಕ್ಷಿ?

ಇತಿಹಾಸಗ್ರಂಥವೊಂದು ವಿವಾದಕ್ಕೆ ಸಿಲುಕಿದಾಗ ಅದರ ವಿಮರ್ಶೆಗಳಲ್ಲಿ ಯಾವುದನ್ನು ಉಲ್ಲೇಖಿಸಬೇಕು, ಯಾವುದನ್ನು ಬಿಡಬೇಕು ಎಂಬುದು ಅಡಿಟಿಪ್ಪಣಿಯ ಸಣ್ಣ ಪ್ರಶ್ನೆಯೆಂದು ತೋರಬಹುದು. ಅಮೆರಿಕದ ಮೈಕೇಲ್ ಬೆಲೀಲ್ ಅವರ 'ಆರ್ಮಿಂಗ್ ಅಮೆರಿಕಾ' ಎಂಬ ಗ್ರಂಥದ ಚರಿತ್ರೆಯನ್ನು ಅವಲೋಕಿಸಿದವರಿಗೆ ಹಾಗೆ ತೋರಲಾರದು. ಹಸ್ತಪ್ರತಿಗಳೊಡನೆ ವ್ಯವಹರಿಸುವವರು ಈ ಪ್ರಕರಣವನ್ನು ವಿಶೇಷವಾಗಿ ಪರಿಶೀಲಿಸಬೇಕು. ಏಕೆಂದರೆ ಇಲ್ಲಿ ತೀರ್ಮಾನವಾದುದು ವಾದದ ಬಲದಿಂದಲ್ಲ, ದಾಖಲೆಯ ಕಟ್ಟುಗಳನ್ನು ಬಿಚ್ಚಿ ನೋಡಿದ್ದರಿಂದ.

ಎಮೊರಿ ವಿಶ್ವವಿದ್ಯಾಲಯದ ಪ್ರಾಧ್ಯಾಪಕರಾಗಿದ್ದ ಬೆಲೀಲ್ ಈ ಗ್ರಂಥವನ್ನು 2000ದಲ್ಲಿ ಪ್ರಕಟಿಸಿದರು. ಆರಂಭಕಾಲದ ಅಮೆರಿಕದಲ್ಲಿ ಬಂದೂಕು ವಿರಳವಾಗಿತ್ತು, ಅದರ ವ್ಯಾಪಕ ಬಳಕೆ ಹತ್ತೊಂಬತ್ತನೆಯ ಶತಮಾನದ ಬೆಳವಣಿಗೆ ಎಂಬುದು ಅವರ ಸಿದ್ಧಾಂತ. ಅದಕ್ಕೆ ಮುಖ್ಯ ಆಧಾರವೆಂದರೆ, ಸತ್ತವರ ಆಸ್ತಿಯನ್ನು ವಿಂಗಡಿಸುವಾಗ ನ್ಯಾಯಾಲಯಗಳು ಬರೆಸಿದ ಆಸ್ತಿಪಟ್ಟಿಗಳು. 11,170 ಪಟ್ಟಿಗಳನ್ನು ನೋಡಿದೆನೆಂದೂ, 1765ರಿಂದ 1790ರ ವರೆಗಿನ ಪಟ್ಟಿಗಳಲ್ಲಿ ಶೇಕಡ 14.7ರಲ್ಲಿ ಮಾತ್ರ ಬಂದೂಕಿನ ನಮೂದಿದೆಯೆಂದೂ ಅವರು ಹೇಳಿದರು. ಇಂಥ ಸಂಖ್ಯೆ ಓದುಗನನ್ನು ಮೌನಗೊಳಿಸುತ್ತದೆ.

ಪ್ರಥಮ ವಿಮರ್ಶೆಗಳು ಪ್ರಶಂಸೆಯಿಂದ ತುಂಬಿದ್ದವು. 'ನ್ಯೂಯಾರ್ಕ್ ಟೈಮ್ಸ್'ನಲ್ಲಿ ಗ್ಯಾರಿ ವಿಲ್ಸ್, 'ನ್ಯೂಯಾರ್ಕ್ ರಿವ್ಯೂ ಆಫ್ ಬುಕ್ಸ್'ನಲ್ಲಿ ಎಡ್ಮಂಡ್ ಮಾರ್ಗನ್ ಬರೆದರು. ಇಬ್ಬರೂ ಪ್ರಖ್ಯಾತ ವಿದ್ವಾಂಸರು. 2001ರಲ್ಲಿ ಕೊಲಂಬಿಯಾ ವಿಶ್ವವಿದ್ಯಾಲಯದ ಬ್ಯಾಂಕ್ರಾಫ್ಟ್ ಬಹುಮಾನವೂ ಬಂದಿತು. ಈ ವಿಮರ್ಶೆಗಳನ್ನು ಇಂದು ಉಲ್ಲೇಖಿಸಬಾರದೆ? ಅವಶ್ಯ ಉಲ್ಲೇಖಿಸಬಹುದು, ಆದರೆ ಗ್ರಂಥವನ್ನು ಜನ ಹೇಗೆ ಸ್ವೀಕರಿಸಿದರೆಂಬುದಕ್ಕೆ ಮಾತ್ರ. ಬಂದೂಕುಗಳ ಸಂಖ್ಯೆಗೆ ಅವು ಸಾಕ್ಷಿಯಾಗಲಾರವು. ವಿಮರ್ಶಕನ ಕೀರ್ತಿಯು ಅವನು ನೋಡದ ಪಟ್ಟಿಗೆ ಪ್ರಾಮಾಣ್ಯವನ್ನು ಕೊಡುವುದಿಲ್ಲ. ಸೂಚೀಪತ್ರವನ್ನು ನಂಬಿ ಪ್ರತಿಯನ್ನೇ ಕಾಣದೆ ಪಾಠಾಂತರ ಕೊಡುವ ಪರಿಪಾಠವನ್ನು ನಮ್ಮಲ್ಲಿಯೂ ಬಲ್ಲವರು ಬಲ್ಲರು.

ಎದುರು ಪಕ್ಷದ ವಿಷಯ ಇನ್ನೂ ಸೂಕ್ಷ್ಮವಾದುದು. ಮೊದಲು ಸಂಶಯ ಎತ್ತಿದವರಲ್ಲಿ ಕ್ಲೇಟನ್ ಕ್ರೇಮರ್ ಒಬ್ಬರು. ಅವರು ಗಣಕ ತಂತ್ರಾಂಶದ ವೃತ್ತಿಯವರು, ಬಂದೂಕು ಹಕ್ಕಿನ ಪ್ರತಿಪಾದಕರು. ಇದರಿಂದಲೇ ಹಲವರು ಅವರ ಮಾತನ್ನು ಕಡೆಗಣಿಸಿದರು. ಆದರೆ ಅವರು ತೋರಿಸಿದ ದೋಷಗಳಲ್ಲಿ ಒಂದು ಶುದ್ಧ ಗ್ರಂಥಸಂಪಾದನೆಯ ವಿಷಯ. 1792ರ ನಾಗರಿಕ ಸೇನಾ ಶಾಸನದಲ್ಲಿ ಪ್ರಜೆಯು ಬಂದೂಕನ್ನು ತಾನೇ ಒದಗಿಸಿಕೊಳ್ಳಬೇಕು ಎಂದಿದೆ. ಬೆಲೀಲರು ಉದ್ಧರಿಸಿದ ಪಾಠದಲ್ಲಿ ಅವನಿಗೆ ಬಂದೂಕು ಒದಗಿಸಲ್ಪಟ್ಟಿರಬೇಕು ಎಂಬರ್ಥ ಬರುತ್ತದೆ. ಕರ್ತರಿ ಹೋಗಿ ಕರ್ಮಣಿ ಬಂದಾಗ ಶಾಸನದ ತಾತ್ಪರ್ಯವೇ ಮಗುಚಿತು. ತಾವು 1803ರ ಶಾಸನದ ಪಾಠವನ್ನು ಬಳಸಿದುದಾಗಿ ಬೆಲೀಲರು ಸಮಾಧಾನ ಹೇಳಿದರು. ಯಾರ ಪಾಠ ಸರಿ ಎಂಬುದು ಶಾಸನ ಸಂಪುಟವನ್ನು ತೆರೆದರೆ ತಿಳಿಯುತ್ತದೆ. ತೋರಿಸಿದವನ ಪಕ್ಷ ಯಾವುದೆಂದು ವಿಚಾರಿಸಿದರೆ ತಿಳಿಯದು.

ಕಾನೂನಿನ ಪ್ರಾಧ್ಯಾಪಕ ಜೇಮ್ಸ್ ಲಿಂಡ್‌ಗ್ರೆನ್ ಅವರು ಪಟ್ಟಿಗಳನ್ನೇ ಹಿಡಿದು ಹೊರಟರು. ರೋಡ್ ಐಲೆಂಡಿನ ಪ್ರಾವಿಡೆನ್ಸ್ ಪಟ್ಟಣದ ಹಳೆಯ ದಾಖಲೆಗಳು ಮುದ್ರಿತವಾಗಿವೆ. ಯಾರು ಬೇಕಾದರೂ ಎಣಿಸಬಹುದು. ಅಲ್ಲಿ ಸ್ತ್ರೀಯರ ಆಸ್ತಿಗಳನ್ನೂ ಪುರುಷರವೆಂದು ಲೆಕ್ಕ ಹಿಡಿದುದು ಹೊರಬಿತ್ತು. ಸ್ಯಾನ್ ಫ್ರಾನ್ಸಿಸ್ಕೋದ ಪಟ್ಟಿಗಳನ್ನು ನೋಡಿದೆನೆಂಬ ಹೇಳಿಕೆಗೆ ಬಂದ ಉತ್ತರವಂತೂ ಸರಳ: ಅವು 1906ರ ಭೂಕಂಪದ ಬೆಂಕಿಯಲ್ಲಿ ಸುಟ್ಟುಹೋಗಿದ್ದವು. ಎಣಿಕೆಯ ಟಿಪ್ಪಣಿಗಳು ಕಛೇರಿಗೆ ನೀರು ನುಗ್ಗಿ ಹಾಳಾದುವೆಂದು ಬೆಲೀಲರು ಹೇಳಿದರು.

2002ರ ಜನವರಿಯ 'ವಿಲಿಯಂ ಅಂಡ್ ಮೇರಿ ಕ್ವಾರ್ಟರ್ಲಿ' ಸಂಚಿಕೆಯನ್ನು ಒಂದೇ ತೀರ್ಪೆಂಬಂತೆ ಉಲ್ಲೇಖಿಸುವುದುಂಟು. ಇದು ಸರಿಯಲ್ಲ. ಅಲ್ಲಿ ಗ್ಲೋರಿಯಾ ಮೇನ್ ಆಸ್ತಿಪಟ್ಟಿಗಳನ್ನೂ, ರ‍್ಯಾಂಡಾಲ್ಫ್ ರಾತ್ ಕೊಲೆಗಳ ಲೆಕ್ಕವನ್ನೂ, ಐರಾ ಗ್ರೂಬರ್ ಸೇನಾ ಇತಿಹಾಸವನ್ನೂ, ಜ್ಯಾಕ್ ರಕೋವ್ ಸಂವಿಧಾನದ ಎರಡನೆಯ ತಿದ್ದುಪಡಿಯನ್ನೂ ಕುರಿತು ಬರೆದರು. ಮೇನ್ ಅವರ ಆಕ್ಷೇಪಕ್ಕೆ ರಕೋವ್ ಅವರನ್ನು ಸಾಕ್ಷಿ ಕರೆಯುವಂತಿಲ್ಲ. ಅದೇ ಸಂಚಿಕೆಯಲ್ಲಿರುವ ಬೆಲೀಲರ ಉತ್ತರವನ್ನು ಬಿಟ್ಟು ಉಳಿದುದನ್ನು ಮಾತ್ರ ಉಲ್ಲೇಖಿಸುವುದೂ ನ್ಯಾಯವಲ್ಲ.

ಎಮೊರಿ ನೇಮಿಸಿದ ಸಮಿತಿಯ ವರದಿಯನ್ನು ಉಲ್ಲೇಖಿಸುವವರಂತೂ ಅದನ್ನು ಓದಿಯೇ ಉಲ್ಲೇಖಿಸಬೇಕು. ಸ್ಟ್ಯಾನ್ಲಿ ಕಾಟ್ಸ್, ಹ್ಯಾನಾ ಗ್ರೇ, ಲಾರೆಲ್ ಥ್ಯಾಚರ್ ಉಲ್ರಿಕ್ ಅವರ ಈ ವರದಿ 2002ರ ಅಕ್ಟೋಬರಿನಲ್ಲಿ ಹೊರಬಂದಿತು. ಎಲ್ಲವೂ ಕಪೋಲಕಲ್ಪಿತವೆಂದು ಸಮಿತಿ ಹೇಳಲಿಲ್ಲ. ವರ್ಮಾಂಟಿನ ಪಟ್ಟಿಗಳ ವಿಷಯದಲ್ಲಿ ಬುದ್ಧಿಪೂರ್ವಕ ಸೃಷ್ಟಿಯೆಂದು ಸಿದ್ಧಪಡಿಸಲು ಅದಕ್ಕೆ ಸಾಧ್ಯವಾಗಲಿಲ್ಲ. ಒಂದನೆಯ ಕೋಷ್ಟಕದ ವಿಷಯದಲ್ಲಿ ಮಾತ್ರ ಅದು ಕಠಿಣವಾಯಿತು. ಏಕೆಂದರೆ 1774ರಿಂದ 1776ರ ವರೆಗಿನ ವರ್ಷಗಳನ್ನು ಅಲ್ಲಿ ಬಿಡಲಾಗಿತ್ತು, ಆ ಕಾಲಕ್ಕೆ ಆಲಿಸ್ ಹ್ಯಾನ್ಸನ್ ಜೋನ್ಸ್ ಸಂಗ್ರಹಿಸಿದ್ದ ಪಟ್ಟಿಗಳಲ್ಲಾದರೋ ಬಂದೂಕುಗಳು ಹೇರಳವಾಗಿದ್ದವು. ಬೆಲೀಲ್ ರಾಜೀನಾಮೆ ಕೊಟ್ಟರು. ಡಿಸೆಂಬರಿನಲ್ಲಿ ಬ್ಯಾಂಕ್ರಾಫ್ಟ್ ಬಹುಮಾನವನ್ನು ಹಿಂದಕ್ಕೆ ಪಡೆಯಲಾಯಿತು. ಸಮಿತಿ ಇಷ್ಟು ಸಂಯಮದಿಂದ ಆಡಿದ ಮಾತನ್ನು ಉಲ್ಲೇಖಕಾರರು ಹಿಗ್ಗಿಸಿದರೆ, ಅವರು ಖಂಡಿಸುವ ದೋಷವನ್ನೇ ತಾವೂ ಮಾಡಿದಂತಾಯಿತು.

ಉಲ್ಲೇಖದ ಪರಿಣಾಮ ವಿದ್ವತ್ಪತ್ರಿಕೆಗಳ ಹೊರಗೂ ಚಾಚಿತು. ಒಂಬತ್ತನೆಯ ವಲಯದ ಮೇಲ್ಮನವಿ ನ್ಯಾಯಾಲಯವು 2002ರ ಡಿಸೆಂಬರಿನಲ್ಲಿ ಸಿಲ್ವೇರಾ ಮೊಕದ್ದಮೆಯ ತೀರ್ಪಿನಲ್ಲಿ ಬೆಲೀಲರ ಬರೆಹವನ್ನು ಉಲ್ಲೇಖಿಸಿತು. ಮರುತಿಂಗಳೇ ತೀರ್ಪನ್ನು ತಿದ್ದಿ ಅದನ್ನು ತೆಗೆದುಹಾಕಿತು. ವರದಿ ಹೊರಬಿದ್ದು ಆಗಲೇ ಒಂದು ತಿಂಗಳು ಮೀರಿತ್ತು.

ಮತ್ತೊಂದು ತೊಡಕಿದೆ. ಮೂಲ ಪ್ರಕಾಶಕರು ಕೈಬಿಟ್ಟ ಮೇಲೆ 2003ರಲ್ಲಿ ಬೇರೊಂದು ಪ್ರಕಾಶನದಿಂದ ಪರಿಷ್ಕೃತ ಆವೃತ್ತಿ ಹೊರಬಂದಿತು. ಮೇಲೆ ಹೇಳಿದ ವಿಮರ್ಶೆಗಳೆಲ್ಲ 2000ದ ಆವೃತ್ತಿಯನ್ನು ಕುರಿತವು. ಆದ್ದರಿಂದ ವಿಮರ್ಶೆಯ ಜೊತೆಗೆ ಅದು ಯಾವ ಆವೃತ್ತಿಯ ಯಾವ ಪುಟವನ್ನು ಕುರಿತದ್ದೆಂದು ನಮೂದಿಸದಿದ್ದರೆ, ತಿದ್ದಿದ ಪಾಠದ ಮೇಲೆ ಹಳೆಯ ಆಕ್ಷೇಪ ಬಿದ್ದು ಮುಂದಿನ ಓದುಗನಿಗೆ ಎರಡೂ ಅರ್ಥವಾಗದೆ ಉಳಿಯುತ್ತವೆ.