ಆ ‘ನೀನು’ ಯಾರು?

ನೆಟ್‌ಫ್ಲಿಕ್ಸ್‌ನ ‘ಯೂ’ ಸರಣಿ 2025ರ ಏಪ್ರಿಲ್‌ನಲ್ಲಿ ಐದನೆಯ ಸೀಸನ್ನಿನೊಂದಿಗೆ ಮುಗಿಯಿತು. ಕೊನೆಯ ದೃಶ್ಯದಲ್ಲಿ ಸೆರೆಮನೆ ಸೇರಿದ ಕೊಲೆಗಾರ ನಾಯಕ ಜೋ ಗೋಲ್ಡ್‌ಬರ್ಗ್ ಅಭಿಮಾನಿಯ ಪತ್ರ ಓದುತ್ತಾನೆ. ತಪ್ಪು ನನ್ನದಲ್ಲ, ನಿಮ್ಮದೇ ಇರಬೇಕು ಎಂದು ನೋಡುಗರತ್ತ ತಿರುಗುತ್ತಾನೆ. ಸರಣಿ ನಮಗೇ ಕನ್ನಡಿ ಹಿಡಿಯಿತು ಎಂದು ಮೆಚ್ಚಿದವರಿದ್ದಾರೆ. ನನಗದು ಜಾರಿಕೊಳ್ಳುವ ದಾರಿಯಾಗಿ ಕಾಣುತ್ತದೆ. ಐವತ್ತು ಕಂತು ಕೊಲೆಗಾರನ ಪಿಸುಮಾತನ್ನು ಕಿವಿಗೆ ಸುರಿದವರೇ, ಕೇಳಿಸಿಕೊಂಡದ್ದು ನಿಮ್ಮ ತಪ್ಪು ಎನ್ನುವುದು ಯಾವ ನ್ಯಾಯ?

2018ರ ಮೊದಲ ಕಂತಿನ ಮೊದಲ ದೃಶ್ಯಕ್ಕೇ ಹೋಗೋಣ. ನ್ಯೂಯಾರ್ಕಿನಲ್ಲಿ ಜೋ ಕೆಲಸ ಮಾಡುವ ಪುಸ್ತಕದಂಗಡಿಗೆ ಬೆಕ್ ಎಂಬಾಕೆ ಬರುತ್ತಾಳೆ, ಪೌಲಾ ಫಾಕ್ಸ್ ಕಾದಂಬರಿ ಕೇಳುತ್ತಾಳೆ. ಜೋನ ಒಳದನಿ ಅವಳನ್ನು ‘ನೀನು’ ಎಂದೇ ಕರೆಯುತ್ತ ಓದತೊಡಗುತ್ತದೆ. ಬಳೆಗಳು ಸದ್ದು ಮಾಡುತ್ತಿವೆ, ಅಂದರೆ ಜನ ನೋಡಲಿ ಎಂದು ಅವಳಿಗೆ ಆಸೆ. ನಗದು ಇದ್ದೂ ಕಾರ್ಡ್ ಕೊಟ್ಟಳು, ಅಂದರೆ ಹೆಸರು ತನಗೆ ತಿಳಿಯಲೆಂದೇ. ಅವಳು ಮಾಡಿದ್ದು ಎರಡು ಸಣ್ಣ ಕೆಲಸ, ಮಿಕ್ಕದ್ದೆಲ್ಲ ಅವನ ಕಟ್ಟುಕತೆ.

ಈ ದೃಶ್ಯವನ್ನು ಕನ್ನಡದಲ್ಲಿ ಹೇಳಿ ನೋಡಿ. ಹಳೇ ಮೈಸೂರಿನ ಆಡುಮಾತಿನಲ್ಲಿ ‘ನಕ್ಕೆ’ ಎಂದರೆ ನಕ್ಕವನು ನಾನೂ ಆಗಬಹುದು, ನಕ್ಕವಳು ನೀನೂ ಆಗಬಹುದು. ‘ಬಯಸಿದೆ’ ಎಂದರೂ ಹಾಗೆಯೇ. (ಧಾರವಾಡದ ಕಡೆ ‘ನಕ್ಕಿ’ ಎಂದು ಈ ಗೊಂದಲ ತಪ್ಪಿಸಿಕೊಂಡಿದ್ದಾರೆ.) ಸರ್ವನಾಮ ಬಿಟ್ಟರೆ ಬಯಸಿದ್ದು ಯಾರೆಂದೇ ತಿಳಿಯದು. ಜೋನ ಹಿಂಸೆ ಶುರುವಾಗುವುದು ಇಲ್ಲಿ, ಸುತ್ತಿಗೆ ಕೈಗೆ ಬರುವುದಕ್ಕೆ ಎಷ್ಟೋ ಮುಂಚೆ. ತನ್ನ ಬಯಕೆಯನ್ನು ಅವಳ ಕ್ರಿಯಾಪದದೊಳಗೆ ತುಂಬುತ್ತಾನೆ. ಆ ಗೊಂದಲವನ್ನು ಬಿಡಿಸಬೇಕಾದ ಕ್ಯಾಮೆರಾ ಅವನ ಮಾತನ್ನೇ ಹಿಂಬಾಲಿಸುತ್ತದೆ. ಅವನು ಬಳೆ ಅಂದಾಗ ಬಳೆ, ಕೈ ಅಂದಾಗ ಕೈ. ಅವನು ಗಮನಿಸದ ಒಂದೇ ಒಂದು ವಿವರ ನಮಗೆ ಕಂಡಿದ್ದರೆ ಇಡೀ ಮಾತು ಬಿರುಕು ಬಿಡುತ್ತಿತ್ತು.

ಜೋನ ಪಾತ್ರ ಮಾಡಿದ ಪೆನ್ ಬ್ಯಾಡ್ಗ್ಲಿಯ ನಟನೆ ಉತ್ತಮವಾಗಿದೆ, ಒಪ್ಪುತ್ತೇನೆ. ಆಗೊಮ್ಮೆ ಈಗೊಮ್ಮೆ ಹೆಣ್ಣು ಪಾತ್ರಗಳಿಗೂ ಒಳದನಿ ಸಿಗುತ್ತದೆ.

ಆದರೆ ನನ್ನ ಇನ್ನೊಂದು ತಕರಾರು ಇರುವುದು ಜೋನನ್ನು ಮೆಚ್ಚಿದ ಹುಡುಗಿಯರನ್ನು ಗದರಿಸುವ ವಿಮರ್ಶಕರೊಂದಿಗೆ. 2019ರ ಜನವರಿಯಲ್ಲಿ ಬ್ಯಾಡ್ಗ್ಲಿಯೇ ಟ್ವಿಟ್ಟರಿನಲ್ಲಿ ಅಂಥ ಅಭಿಮಾನಿಗಳಿಗೆ ಜೋ ಕೊಲೆಗಾರ ಎಂದು ನೆನಪಿಸಿದರು. ಅಲ್ಲಿಂದ ಈ ವಿಮರ್ಶಕರಿಗೆಲ್ಲ ಸುಲಭದ ಗುರಿ ಸಿಕ್ಕಿತು. ಆ ಹುಡುಗಿಯರಿಗೆ ಓದಲು ಬರುವುದಿಲ್ಲ ಎಂಬ ಧಾಟಿ ನನಗೆ ಸಿಟ್ಟು ತರಿಸುತ್ತದೆ. ನೀಲಿ ಮಬ್ಬು ಬೆಳಕು, ಹಳೆಯ ಪುಸ್ತಕ, ಹತ್ತಿರದಿಂದ ಬರುವ ತಗ್ಗಿದ ದನಿ, ಇವನ್ನೆಲ್ಲ ಜೋಡಿಸಿದ್ದು ಅವರಲ್ಲ. ಮೆಚ್ಚಲೆಂದು ಕಟ್ಟಿದ್ದನ್ನು ಮೆಚ್ಚಿದರು. ಕಟ್ಟಿದವರನ್ನು ಪ್ರಶ್ನಿಸುವುದು ವಿಮರ್ಶಕರ ಕೆಲಸವಾಗಿತ್ತು.

ಕಟ್ಟಿದವರೇನು ಮಾಡಿದರು ನೋಡಿ. ಮೊದಲ ಸೀಸನ್ನಿನಲ್ಲಿ ಬೆಕ್ ಜೋ ಕೂಡಿಹಾಕಿದ ಗಾಜಿನ ಪಂಜರದಲ್ಲಿ ಕೂತು ಬರೆಯುತ್ತಾಳೆ. ಅವಳು ಸತ್ತ ಮೇಲೆ ಆ ಬರಹ ಪುಸ್ತಕವಾಗುತ್ತದೆ, ಜೋನ ಕೈವಾಡದೊಂದಿಗೆ. ಐದನೆಯ ಸೀಸನ್ನಿನಲ್ಲಿ ಬ್ರಾಂಟೆ ಎಂಬಾಕೆ ಅವನು ಸೇರಿಸಿದ ಸಾಲುಗಳನ್ನು ಹೊಡೆದುಹಾಕಿಸುತ್ತಾಳೆ. ಇಡೀ ಸರಣಿಯಲ್ಲಿ ನನಗೆ ನಿಜವೆನಿಸಿದ ಸೇಡು ಇದೊಂದೇ. ಅದಾದ ಮೇಲೂ ಕೊನೆಯ ಮಾತನ್ನು ಮತ್ತೆ ಜೋಗೇ ಕೊಟ್ಟರು.