ಹಾಡು ಸಾಕ್ಷಿಯಾಗುವುದು ಯಾವಾಗ?

ಬಿಳಿಗಿರಿ ರಂಗ ಸೋಲಿಗರಿಗೆ ಬಾವ. ಅವರ ಹುಡುಗಿ ಕುಸುಮಾಲೆಯನ್ನು ಮದುವೆಯಾದವನು. ಇಂಥ ಹಾಡುಗಳನ್ನು ನಮ್ಮ ವಿದ್ವಾಂಸರು ಸಂಗ್ರಹಿಸಿದ್ದಾರೆ, ನಾನೂ ತರಗತಿಯಲ್ಲಿ ಪಾಠ ಮಾಡ್ತೇನೆ. ವಿಶ್ವವಿದ್ಯಾಲಯಕ್ಕೆ ಪಠ್ಯವಾದ ಈ ಮಾತು ಸರ್ಕಾರಿ ಕಚೇರಿಯಲ್ಲಿ ಸಾಕ್ಷಿಯಾಗಲು ಯಾಕಿಷ್ಟು ಕಷ್ಟ? ದಲಿತ ವಿಮರ್ಶೆ ಎತ್ತಲೇಬೇಕಾದ ಪ್ರಶ್ನೆ ಇದು.

1974ರಲ್ಲಿ ಬಿಳಿಗಿರಿ ಬೆಟ್ಟ ಅಭಯಾರಣ್ಯವಾಯಿತು. ಕಾಡಿನಲ್ಲೇ ಹುಟ್ಟಿದವರು ಕಾಡಿಗೆ ಹೊರಗಿನವರಾದರು. ಇಂಥದ್ದನ್ನೇ 2006ರ ಅರಣ್ಯ ಹಕ್ಕು ಕಾಯ್ದೆ ತನ್ನ ಪೀಠಿಕೆಯಲ್ಲಿ ‘ಐತಿಹಾಸಿಕ ಅನ್ಯಾಯ’ ಎಂದು ಒಪ್ಪಿಕೊಂಡಿತು. ಅದರ ನಿಯಮಗಳ ಪ್ರಕಾರ ಹಿರಿಯರ ಮಾತನ್ನು ಬರೆದುಕೊಂಡರೆ ಅದೂ ಸಾಕ್ಷಿ. ಸ್ಮಶಾನ, ದೇವರ ಬನಗಳೂ ಸಾಕ್ಷಿ. ಸೋಲಿಗರು ತಮ್ಮ ಕುಲಗಳ ಎಲ್ಲೆಗಳನ್ನು, ಅಲ್ಲಿನ ದೇವರು, ಮಾರಮ್ಮ, ಕಲ್ಲು, ವೀರು, ಅಬ್ಬಿಗಳನ್ನು ನಕ್ಷೆಗಿಳಿಸಿದರು. ಬೆಟ್ಟ ಹುಲಿ ಸಂರಕ್ಷಿತ ಪ್ರದೇಶವಾದ 2011ರಲ್ಲೇ ಅವರ 25 ಗ್ರಾಮಸಭೆಗಳಿಗೆ ಸಮುದಾಯ ಹಕ್ಕು ಸಿಕ್ಕಿತು.

ಇದೇ ಕಾಯ್ದೆಯನ್ನು ಕಾಡಂಚಿನ ದಲಿತನ ಕಡೆಯಿಂದ ಓದಿ ನೋಡಬೇಕು. ಪರಿಶಿಷ್ಟ ಪಂಗಡದವರು 2005ರ ಡಿಸೆಂಬರ್ 13ಕ್ಕೆ ಮುಂಚೆ ಅಲ್ಲಿ ನೆಲೆಸಿದ್ದರೆ ಸಾಕು. ದಲಿತ ‘ಇತರೆ ಪಾರಂಪರಿಕ ಅರಣ್ಯವಾಸಿ’ಗಳ ಪಟ್ಟಿಗೆ ಬೀಳ್ತಾನೆ, ಅವನು ಮೂರು ತಲೆಮಾರು, ಅಂದರೆ 75 ವರ್ಷ, ರುಜುವಾತು ಮಾಡಬೇಕು. 1930ರ ಲೆಕ್ಕ! ಆಗ ಜೀತಕ್ಕಿದ್ದವನ ಗುಡಿಸಲನ್ನು ಯಾವ ಶಾನುಭೋಗ ಬರೆದಿಟ್ಟಿದ್ದ? ಅಕ್ಷರದಿಂದ ದೂರ ಇಟ್ಟವರೇ ಈಗ ಕಾಗದ ಕೇಳ್ತಾರೆ. ಆದಿವಾಸಿಗೆ ಕೊಟ್ಟದ್ದು ಜಾಸ್ತಿಯಾಯ್ತು ಅಂತ ಯಾರೂ ಇದನ್ನು ತಿರುಚಬಾರದು. ಕಾಗದದ ಹಟ ಅವರನ್ನೂ ಬಿಟ್ಟಿಲ್ಲ. ವನ್ಯಜೀವಿ ಸಂರಕ್ಷಕರ ಅರ್ಜಿಯ ಮೇಲೆ ಸುಪ್ರೀಂ ಕೋರ್ಟು 2019ರ ಫೆಬ್ರವರಿ 13ರಂದು, ಹಕ್ಕು ತಿರಸ್ಕೃತವಾದವರನ್ನು ಒಕ್ಕಲೆಬ್ಬಿಸಲು ಹೇಳಿತು. 28ರಂದು ತಾನೇ ತಡೆಹಿಡಿಯಿತು. ಆ ತಿರಸ್ಕಾರಗಳ ಹಿಂದೆ ಎಷ್ಟೋ ಕಡೆ ಇದ್ದದ್ದು ಒಂದೇ ಮಾತು: ದಾಖಲೆ ಇಲ್ಲ.

ಹಾಗಾದರೆ ಮೌಖಿಕ ಪರಂಪರೆಯನ್ನು ಕೊಂಡಾಡುವ ನಮ್ಮ ವಿಮರ್ಶೆ ಏನು ಮಾಡಬೇಕು? ಹಾಡಿನ ಸೌಂದರ್ಯ, ಪ್ರತಿಮೆ ಅಂತ ಬರೆದು ಸುಮ್ಮನಾದರೆ ಅದೂ ಒಂದು ರೀತಿ ಭೂಮಿ ಕಿತ್ತುಕೊಂಡ ಹಾಗೆಯೇ. ಹಾಡಿನಲ್ಲಿ ಹಳ್ಳದ ಹೆಸರಿದೆ, ಕಲ್ಲಿನ ಹೆಸರಿದೆ, ಹೂತವರ ಹೆಸರಿದೆ. ನಿಯಮ ಕೇಳುವುದು ಹಿರಿಯರ ಮಾತನ್ನು ಬರೆದುಕೊಡುವವರನ್ನು. ಆ ಕೆಲಸ ಕಲಿತ ವಿದ್ಯಾರ್ಥಿಗಳು ನಮ್ಮ ಕನ್ನಡ ವಿಭಾಗಗಳಲ್ಲೇ ಇದ್ದಾರೆ. ಪೋಡಿಗೂ ಕೇರಿಗೂ ಹೋಗಿ, ಎರಡೂ ಕಡೆಯ ಹಿರಿಯರ ಮಾತನ್ನು ಒಂದೇ ನಿಷ್ಠೆಯಿಂದ ಬರೆದು ಗ್ರಾಮಸಭೆಯ ಮುಂದಿಡೋಣ. ಅದೂ ವಿಮರ್ಶೆಯೇ.