ರನ್ನನ ಕೊಳದ ಕಾನೂನು, ನಮ್ಮೂರ ಕೆರೆಯ ಕಾನೂನು

ಕನ್ನಡ ಕಾವ್ಯದಲ್ಲಿ ಒಂದು ವಿಚಿತ್ರ ಸೀಮೆ ಇದೆ. ಅಲ್ಲಿ ನೆಲವೆಲ್ಲ ನೆತ್ತರ ಕೆಸರು. ಹೆಣಗಳ ನಡುವೆ ಮರುಳುಗಳು ಮಾತಾಡುತ್ತವೆ. ಅಲ್ಲಿಯ ಕೊಳದಲ್ಲಿ ಮುಳುಗಿ ಕೂತವನು ಸಾಯುವುದಿಲ್ಲ, ನೀರೇ ಅವನಿಗೆ ಕೋಟೆ. ಈ ಸೀಮೆಯನ್ನು ಕಟ್ಟಿದವನು ನಮ್ಮ ಮುಧೋಳದ ರನ್ನ, ತನ್ನ 'ಗದಾಯುದ್ಧ'ದಲ್ಲಿ. ಬಳೆಗಾರರ ಮನೆಯಲ್ಲಿ 949ರಲ್ಲಿ ಹುಟ್ಟಿ, ಅಜಿತಸೇನಾಚಾರ್ಯರ ಬಳಿ ಕಲಿತು, ಚಾಲುಕ್ಯ ತೈಲಪನಿಂದ 'ಕವಿಚಕ್ರವರ್ತಿ' ಎನಿಸಿಕೊಂಡವನು. ಬಳಿ ಮಾರವ್ರ ಮಗ ಚಕ್ರವರ್ತಿ ಆದ ಅಂದ್ರ ನಮಗೂ ಹೆಮ್ಮೆ ಐತಿ. ಆದರೆ ಮೆರವಣಿಗೆ ತೆಗೆದು ಹಾರ ಹಾಕಿದರೆ ವಿಮರ್ಶೆ ಮುಗಿಯುವುದಿಲ್ಲ. ನಾವು ಕೇಳುವ ಪ್ರಶ್ನೆ ಒಂದೇ: ಈ ಸೀಮೆಯ ಕಾನೂನು ಯಾರಿಗಾಗಿ ಬಾಗುತ್ತದೆ, ಯಾರನ್ನು ಕೊಲ್ಲುತ್ತದೆ?

ಮೊದಲು ರಣಭೂಮಿ. ಎಲ್ಲರನ್ನೂ ಕಳಕೊಂಡ ದುರ್ಯೋಧನ ಸಂಜಯನ ಜೊತೆ ಹೆಣಗಳ ನಡುವೆ ನಡೆಯುತ್ತಾನೆ. ದ್ರೋಣನನ್ನು ಕಂಡು ಅಳುತ್ತಾನೆ, ಮಗ ಲಕ್ಷಣನನ್ನು, ತಮ್ಮ ದುಶ್ಶಾಸನನನ್ನು, ಗೆಳೆಯ ಕರ್ಣನನ್ನು ಕಂಡು ಅಳುತ್ತಾನೆ. ವೈರಿಯ ಮಗ ಅಭಿಮನ್ಯುವನ್ನೂ ಮೆಚ್ಚುತ್ತಾನೆ. ಇದು ದೊಡ್ಡ ಕಾವ್ಯ, ಅಲ್ಲಗಳೆಯುವುದಿಲ್ಲ. ಆದರೆ ಲೆಕ್ಕ ಹಾಕೋಣ. ಒಂದು ಅಕ್ಷೋಹಿಣಿಗೆ 1,09,350 ಕಾಲಾಳು. ಎರಡೂ ಕಡೆ ಸೇರಿ ಹದಿನೆಂಟು ಅಕ್ಷೋಹಿಣಿ. ಅಂದರೆ 19,68,300 ಕಾಲಾಳುಗಳು. ಇವರಲ್ಲಿ ಎಷ್ಟು ಮಂದಿಯ ಹೆಸರು ಹಿಡಿದು ಕಾವ್ಯ ಅತ್ತಿತು? ದೊರೆ ಕಾಲು ಜಾರುವ ಆ ನೆತ್ತರು ಯಾರದು? ಹೆಸರಿದ್ದವನಿಗೆ ಶೋಕ, ಹೆಸರಿಲ್ಲದವನು ಕೆಸರು. ಇದು ಆ ಸೀಮೆಯ ಮೊದಲ ಕಾನೂನು.

ಆದರೂ ಬಳೆಗಾರರ ಮಗ ಒಂದು ಕೆಲಸ ಮಾಡಿದ್ದಾನೆ. ಆಸ್ಥಾನದಲ್ಲಿ ಯಾರೂ ಆಡಲಾರದ ಮಾತನ್ನು ಮರುಳುಗಳ ಬಾಯಿಂದ ಆಡಿಸಿದ್ದಾನೆ. ಮರುಳು ಎಂದರೆ ಪಿಶಾಚಿಯೂ ಹೌದು, ಬುದ್ಧಿಗೇಡಿಯೂ ಹೌದು. ನಿಜವಾದ ಮರುಳು ಯಾರು ಎಂಬ ಪ್ರಶ್ನೆ ನೇರ ದೊರೆಯ ಮುಖಕ್ಕೇ ಬೀಳುತ್ತದೆ. ಛತ್ರ ಚಾಮರ ಇಲ್ಲದ ಬಯಲಿನಲ್ಲಿ, ಹೊಟ್ಟೆಗಿಲ್ಲದೆ ಹೆಣ ಹುಡುಕುವ ಮರುಳಿಗೆ ಮಾತಿನ ಹಕ್ಕು ಸಿಕ್ಕಿತು. ಸಾಲಿ ಮಾಸ್ತರರು ಇದನ್ನು ಬರೇ ಹಾಸ್ಯ, ಬೀಭತ್ಸ ರಸ ಎಂದು ಹೇಳಿ ಪುಟ ತಿರುವಬಾರದು.

ಇನ್ನು ಕೊಳ. ಶರಶಯ್ಯೆಯ ಮೇಲೆ ಮಲಗಿದ ಭೀಷ್ಮ ದುರ್ಯೋಧನನಿಗೆ ಜಲಮಂತ್ರ ಕೊಟ್ಟು ವೈಶಂಪಾಯನ ಸರೋವರದಲ್ಲಿ ಅಡಗು ಎನ್ನುತ್ತಾನೆ. ಮಂತ್ರದ ಬಲದಿಂದ ನೀರು ತನ್ನ ಸ್ವಭಾವ ಬಿಡುತ್ತದೆ, ಮುಳುಗಿಸುವುದಿಲ್ಲ. ಮಂತ್ರ ಹಿರಿಯರ ಬಾಯಿಂದ ಅರಸನ ಕಿವಿಗೆ ಹೋಯಿತೇ ಹೊರತು ಕಾಲಾಳಿನ ಕಿವಿಗೆ ಬೀಳಲಿಲ್ಲ. ಆದರೆ ದಂಡೆಯ ಮೇಲೆ ಭೀಮ ಅಬ್ಬರಿಸಿದಾಗ ನೀರೊಳಗಿನ ದೊರೆ ಬೆವರುತ್ತಾನೆ. ನೀರನ್ನು ತಡೆದ ಮಂತ್ರಕ್ಕೆ ಬೆವರನ್ನು ತಡೆಯಲು ಆಗಲಿಲ್ಲ! ತಾನೇ ಕಟ್ಟಿದ ಮಾಯದ ಕಾನೂನನ್ನು ಕವಿ ಮನುಷ್ಯನ ಮೈಯಿಂದಲೇ ಮುರಿಯುತ್ತಾನೆ. ರನ್ನ ದೊಡ್ಡ ಕವಿಯಾದದ್ದು ಇಲ್ಲಿ, ಬಿರುದಿನಲ್ಲಿ ಅಲ್ಲ.

ಬಿ.ಎಂ.ಶ್ರೀ. ಇದನ್ನು 'ಗದಾಯುದ್ಧ ನಾಟಕಂ' ಮಾಡಿದ ಮೇಲೆ ದುರ್ಯೋಧನನನ್ನು ಗ್ರೀಕರ ದುರಂತ ನಾಯಕನ ಹಾಗೆ ಓದುವುದು ಕಾಲೇಜುಗಳಲ್ಲಿ ರೂಢಿಯಾಯಿತು. ಛಲ, ಅಭಿಮಾನ, ಪತನ. ಸರಿ. ಆದರೆ ಆ ಕೊಳದ ದಂಡೆಯಲ್ಲಿ ಬೇರೆ ಜನ ಇರಲಿಲ್ಲವೇ? ವ್ಯಾಸರ ಭಾರತದಲ್ಲಿ ಇದ್ದರು. ಅಲ್ಲಿ ಕೊಳದ ಗುಟ್ಟು ತಿಳಿದು ಪಾಂಡವರಿಗೆ ಹೇಳಿದವರು ಭೀಮನಿಗೆ ಮಾಂಸ ಒಯ್ಯುತ್ತಿದ್ದ ಬೇಡರು. ಹಣ ಇಸಕೊಂಡರು, ಕಥೆಯಿಂದ ಹೊರಗೆ ಹೋದರು. ಅವರ ಕಥೆ ಯಾರಿಗೂ ಬೇಕಾಗಲಿಲ್ಲ.

ನಮ್ಮ ತಾಲೂಕಿನಲ್ಲೇ ಬೇಡರ ಕಥೆ ಇದೆಯಲ್ಲ! 1857ರಲ್ಲಿ ಇಂಗ್ಲಿಷರು ಆಯುಧ ಕೊಡಿರಿ ಎಂದು ಕಾಯಿದೆ ಮಾಡಿದಾಗ ಹಲಗಲಿಯ ಬೇಡರು ಒಲ್ಲೆವು ಅಂದರು. ಊರಿಗೆ ಬೆಂಕಿ ಬಿತ್ತು. ಹಿಡಿದವರನ್ನು ಮುಧೋಳಕ್ಕೆ ತಂದು ನೇಣು ಹಾಕಿದರು. ಅರಸನ ಕೈಯಲ್ಲಿನ ಗದೆ ಕಾವ್ಯದ ಹೆಸರಾಯಿತು, ಬೇಡರ ಕೈಯಲ್ಲಿನ ಕತ್ತಿ ಅಪರಾಧವಾಯಿತು. ಅವರಿಗೆ ಮಂತ್ರ ಕೊಡಲು ಯಾವ ಭೀಷ್ಮನೂ ಇರಲಿಲ್ಲ, ಕಾಯಲು ಯಾವ ಕೊಳವೂ ಇರಲಿಲ್ಲ. ಅವರನ್ನು ಉಳಿಸಿದ್ದು ಲಾವಣಿ ಹಾಡಿದ ಜನರ ಬಾಯಿ. ರನ್ನನನ್ನು ಓದುವ ತರಗತಿಯಲ್ಲಿ ಹಲಗಲಿಯ ಲಾವಣಿಯನ್ನೂ ಜೊತೆಗಿಟ್ಟು ಓದಬೇಕೆಂದು ನಾವು ಹೇಳುವುದು ಇದಕ್ಕೇ.

ಕೊಳದ ಮಾತು ಇಷ್ಟಕ್ಕೆ ಮುಗಿಯುವುದಿಲ್ಲ. ಜಲಮಂತ್ರವನ್ನು ವಿದ್ಯಾವಂತರು ಕಲ್ಪನೆ ಎನ್ನುತ್ತಾರೆ, ನಗುತ್ತಾರೆ. ಅದಕ್ಕಿಂತ ವಿಚಿತ್ರವಾದ ನೀರಿನ ಕಾನೂನನ್ನು ಈ ದೇಶ ಧರ್ಮ ಎಂದು ನಂಬಿತ್ತು. ದನಾ ಕುಡದ್ರ ಕೆರಿ ಮೈಲಿಗಿ ಆಗೂದಿಲ್ಲ, ನಾಯಿ ಇಳದ್ರ ಆಗೂದಿಲ್ಲ, ಮನಷ್ಯಾ ಬೊಗಸಿ ಒಡ್ಡಿದ್ರ ಮೈಲಿಗಿ! ಇದು ಯಾ ಸೀಮಿ ಕಾನೂನ್ರೀ? ನಮ್ಮ ಅವ್ವಂದಿರು ಬಾವಿ ಕಟ್ಟೆಯ ಕೆಳಗೆ ಕೊಡ ಇಟ್ಟು, ಯಾರಾದರೂ ಮೇಲಿಂದ ಹೊಯ್ದಾರೇನೋ ಎಂದು ಕಾದು ನಿಂತವರು. 1927ರ ಮಾರ್ಚ್ 20ರಂದು ಬಾಬಾಸಾಹೇಬರು ಮಹಾಡದ ಚವದಾರ್ ಕೆರೆಗೆ ಇಳಿದು ನೀರು ಕುಡಿದರು. ಪುರಸಭೆ ಆ ಕೆರೆಯನ್ನು ಎಲ್ಲರಿಗೂ ತೆರೆದಿದ್ದೇವೆ ಎಂದು ಮೊದಲೇ ಠರಾವು ಮಾಡಿತ್ತು. ಆದರೂ ಸವರ್ಣೀಯರು ಜನರನ್ನು ಬಡಿದರು. ಆಮೇಲೆ ಸಗಣಿ, ಗಂಜಲ, ಹಾಲು, ಮೊಸರು ಕಲಸಿ 108 ಕೊಡ ಸುರಿದು ಕೆರೆಯನ್ನು 'ಶುದ್ಧ' ಮಾಡಿದರು. ರನ್ನನ ಮರುಳುಗಳು ಇದನ್ನು ಕಂಡಿದ್ದರೆ ಯಾರನ್ನು ಮರುಳು ಅನ್ನುತ್ತಿದ್ದವು?

1950ರಲ್ಲಿ ಬಂದ ಸಂವಿಧಾನದ 15ನೇ ವಿಧಿಯಲ್ಲಿ ಬಾವಿ, ಕೆರೆ, ಸ್ನಾನಘಟ್ಟ ಎಂದು ಹೆಸರು ಹಿಡಿದು ಬರೆಯಬೇಕಾಯಿತು. ಬೇರೆ ಯಾವ ಮಂತ್ರಕ್ಕೂ ಬಗ್ಗದ ನೀರಿಗೆ ಇದು ನಮ್ಮ ಜಲಮಂತ್ರ. ಇದು ಒಬ್ಬ ದೊರೆ ಅಡಗಲು ಕೊಟ್ಟದ್ದಲ್ಲ, ಎಲ್ಲರೂ ಕುಡಿಯಲು ಬರೆದದ್ದು.

1973ರಲ್ಲಿ ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಬೂಸಾ ಬಹಳ ಇದೆ ಎಂದದ್ದಕ್ಕೆ ಮಂತ್ರಿ ಪದವಿ ಕಳಕೊಂಡರು. ಕಲ್ಲು ತೂರಿದವರು ಯಾರೂ ಕಣಕ್ಕೆ ಬಂದು ರಾಶಿ ತೂರಿ ನೋಡಲಿಲ್ಲ. ನಾವು ನೋಡುತ್ತೇವೆ. ಆಶ್ರಯದಾತ ಸತ್ಯಾಶ್ರಯನನ್ನು ಭೀಮನ ಜೊತೆ ಒಂದು ಮಾಡಿ ಹೊಗಳಿದ್ದು ಹೊಟ್ಟು, ಗಾಳಿಗೆ ಹೋಗಲಿ. ದೊರೆಯನ್ನು ಪ್ರಶ್ನಿಸಿದ ಮರುಳು ಕಾಳು, ನೀರೊಳಗಿನ ಬೆವರು ಕಾಳು. ಗೆಳೆಯರೇ, ಇವನ್ನು ನಮ್ಮ ಚೀಲಕ್ಕೆ ತುಂಬಿಕೊಳ್ಳೋಣ. ನಾಳೆ ನಮ್ಮ ಕೇರಿಯ ಹುಡುಗರು ಹೊಸ ಸೀಮೆಗಳನ್ನು ಕಲ್ಪಿಸಿ ಬರೆದಾರು. ಹುಲಿ ಬರಲಿ, ದೆವ್ವ ಬರಲಿ, ನೀರು ಮೇಲಕ್ಕೆ ಹರಿಯಲಿ, ಅಡ್ಡಿಯಿಲ್ಲ. ಆದರೆ ಅಲ್ಲಿಯ ಕಾಲಾಳಿಗೆ ಹೆಸರಿರಲಿ. ಅಲ್ಲಿಯ ಕೊಳಕ್ಕೆ ನಮ್ಮ ಅವ್ವ ತನ್ನ ಕೊಡ ತಾನೇ ಇಳಿಸಲಿ.